ನೀರು ಬಿದ್ದರೆ ಏಳುವ ಸಾಲು

ಆ ಮಗುವಿನ ಗೋರಿಕಲ್ಲಿನಲ್ಲಿ ಮೇಲಿನ ಸಾಲುಗಳೆಲ್ಲ ವಯಸ್ಸಿಗೆ ತಕ್ಕಂತೆ ಸವೆದಿದ್ದವು. ಕೊನೆಯ ಸಾಲು ಮಾತ್ರ ಬೇರೆ ಥರ ಇತ್ತು. ಬಿಳಿ ಅಮೃತಶಿಲೆಯ ಹಲಗೆ, ಅದರೊಳಗೆ ಸೀಸ ತುಂಬಿದ ಇಂಗ್ಲಿಷ್ ಅಕ್ಷರ. ಮೇಲಿನ ಸಾಲುಗಳ ಮೇಲೆ ಕೈಯಾಡಿಸಿದರೆ ಸೀಸವೂ ಕಲ್ಲೂ ಒಂದೇ ಮಟ್ಟದಲ್ಲಿ ನುಣ್ಣಗೆ ಸಿಗುತ್ತಿದ್ದವು. ಕೊನೆಯ ಸಾಲಿಗೆ ಬಂದಾಗ ಬೆರಳು ತಡೆಯುತ್ತಿತ್ತು. ಅಲ್ಲಿ ಕಲ್ಲು ಒಳಕ್ಕೆ ಇಳಿದು ಸಕ್ಕರೆಯ ಹಾಗೆ ಹರಳು ಹರಳಾಗಿತ್ತು. ಅಕ್ಷರಗಳು ಮೇಲೆದ್ದು ನಿಂತಿದ್ದವು. ಮರದ ಹನಿ ಅಲ್ಲೇ ಬಿದ್ದು ಬಿದ್ದು ಹೀಗಾಗಿರಬೇಕು ಅಂದುಕೊಂಡೆ. ಮೇಲೆ ನೋಡಿದೆ. ಆ ಜಾಗಕ್ಕೆ ಸರಿಯಾಗಿ ಒಂದು ಕೊಂಬೆಯೂ ಇರಲಿಲ್ಲ. ಆದರೂ ಬೇರೆ ಕಾರಣ ಹೊಳೆಯದ್ದರಿಂದ ಅದನ್ನೇ ನಂಬಿಕೊಂಡೆ.

ನಾನು ಗೋರಿಕಲ್ಲಿನ ಮೇಲೆ ಅಕ್ಷರ ಕೆತ್ತುವವನು. ಹಲಸೂರಿನ ಕಡೆಯಿಂದ ಮರ್ಫಿ ಟೌನ್‌ಗೆ ತಿರುಗುವ ರಸ್ತೆಯಲ್ಲಿ ನಮ್ಮ ತಗಡಿನ ಶೆಡ್ಡು. ಆರನೇ ಕ್ಲಾಸಿಗೆ ಸ್ಕೂಲು ಬಿಡಿಸಿ ಅಪ್ಪ ಕೈಗೆ ಚಾಣ ಕೊಟ್ಟರು. ಇಂಗ್ಲಿಷ್ ನನಗೆ ಓದಲು ಬರುವುದಿಲ್ಲ, ಕೆತ್ತಲು ಬರುತ್ತದೆ. ಕಾಗದದ ಮೇಲೆ ಬರೆದು ಕೊಟ್ಟದ್ದನ್ನು ಗೆರೆ ತಪ್ಪದೆ ಕಲ್ಲಿಗೆ ಇಳಿಸುತ್ತೇನೆ. ನನ್ನ ಕೈಯ ಸೀಸ ಉದುರಿದ್ದನ್ನು ಈ ಕಂಟೋನ್ಮೆಂಟಿನಲ್ಲಿ ಯಾರೂ ಕಂಡಿಲ್ಲ. ಇದನ್ನು ಜಂಬ ಅನ್ನುವವರು ಅನ್ನಲಿ.

ತೊಂಬತ್ತರ ದಶಕ ಮುಗಿಯುತ್ತಾ ಬಂದಿತ್ತು. ಒಂದು ಬೆಳಿಗ್ಗೆ ಶಿವಾಜಿನಗರದ ಒಬ್ಬ ಆಟೋ ಡ್ರೈವರ್ ಶೆಡ್ಡಿನ ಮುಂದೆ ಗಾಡಿ ನಿಲ್ಲಿಸಿದ. ಮೊದಲಿನಿಂದ ಪರಿಚಯ. ಅವನ ಚಿಕ್ಕಪ್ಪನ ಗೋರಿಗೆ ಉರ್ದು ಅಕ್ಷರ ಕೆತ್ತಿದ್ದವನೂ ನಾನೇ.

"ಉಸ್ತಾದ್, ಗಿರಾಕಿ ಕರ್ಕೊಂಡ್ ಬಂದಿದೀನಿ. ಚಿಲ್ಲರೆ ಗಿರಾಕಿ ಅಲ್ಲ, ಲಂಡನ್ ಎಂಪಿ."

"ಎಂಪಿ ಆದ್ರೆ ನಿನ್ ಆಟೋದಲ್ಲಿ ಯಾಕ್ ಬರ್ತಾನೆ? ಗನ್‌ಮ್ಯಾನ್ ಎಲ್ಲಿ?"

"ಕೊಡೆ ಇದೆಯಲ್ಲ, ಅದೇ ಗನ್ನು. ಮಾಜಿ ಎಂಪಿ ಉಸ್ತಾದ್. ಅಲ್ಲಿ ಹಾಲಿ ಎಂಪಿಗಳೂ ಬಸ್ಸಲ್ಲೇ ಹೋಗ್ತಾರಂತೆ."

"ಹಂಗಾದ್ರೆ ಎಂಪಿ ಆಗಿ ಏನ್ ಸುಖ?"

ಅಷ್ಟರಲ್ಲಿ ಗಿರಾಕಿಯೇ ಇಳಿದರು. ಉದ್ದಕ್ಕೆ ಒಣಗಿದ ದೇಹ, ಬಿಸಿಲಿಗೆ ಕೆಂಪಾದ ಮುಖ, ಕೈಯಲ್ಲಿ ಕಪ್ಪು ಕೊಡೆ. ಎಪ್ಪತ್ತರ ಆಸುಪಾಸು. ನನ್ನನ್ನು ನೋಡಿ ಕನ್ನಡದಲ್ಲೇ, "ಏ, ನೀನು ಬಾ. ಕಲ್ಲು ನೋಡು, ಬಾ" ಎಂದರು.

ನನಗೆ ಮೈಯುರಿಯಿತು. "ಏನಪ್ಪಾ ಇದು? ಇನ್ನೂ ಇವರದ್ದೇ ರಾಜ್ಯ ಅಂದ್ಕೊಂಡಿದಾರಾ? ಮರ್ಯಾದೆ ಕೊಟ್ಟು ಮಾತಾಡೋಕೆ ಹೇಳು. ಇಲ್ದಿದ್ರೆ ಬೇರೆ ಶೆಡ್ ನೋಡ್ಕೊಳ್ಳಿ" ಅಂದೆ.

ಡ್ರೈವರ್ ನನ್ನ ತೋಳು ಹಿಡಿದು ಪಕ್ಕಕ್ಕೆ ಎಳೆದ. "ಅರೇ, ಕೋಪ ಮಾಡ್ಕೋಬೇಡಿ. ಅವರು ಹುಟ್ಟಿದ್ದು ಇಲ್ಲೇ, ಮಿಲಿಟರಿ ಬಂಗ್ಲೆಯಲ್ಲಿ. ಏಳು ವರ್ಷದ ಹುಡುಗ ಆಗಿದ್ದಾಗ ಊರು ಬಿಟ್ಟರು. ಅವರಿಗೆ ಬರೋ ಕನ್ನಡ ಅವರ ಆಯಾ ಕಲ್ಸಿದ್ದು, ಅಲ್ಲಿಗೇ ನಿಂತ್ಹೋಗಿದೆ. ನಂಗೂ 'ಏ, ನೀನು' ಅಂತಾನೇ ಅನ್ನೋದು. ಮಗು ಅಂದ್ಕೊಂಡು ಕೇಳಿಸ್ಕೊಳ್ಳಿ."

ಹಾಗೆ ಅಂದುಕೊಂಡು ಮತ್ತೊಮ್ಮೆ ಅವರ ಮುಖ ನೋಡಿದೆ. ಬಿಳಿ ಹುಬ್ಬಿನ ಕೆಳಗಿನಿಂದ ಒಂದು ಮಗು ನನ್ನ ಉತ್ತರಕ್ಕೆ ಕಾಯುತ್ತಿರುವ ಹಾಗೆ ಕಂಡಿತು. ಚೀಲಕ್ಕೆ ಅಳತೆ ಪಟ್ಟಿ ಹಾಕಿಕೊಂಡು ಆಟೋ ಹತ್ತಿದೆ.

ಸ್ಮಶಾನದ ಹಳೆಯ ಭಾಗದಲ್ಲಿ ದೊಡ್ಡ ಮರಗಳ ಕೆಳಗೆ ಆ ಪುಟ್ಟ ಗೋರಿ ಇತ್ತು. ಗ್ರಾನೈಟಿನ ಪೀಠ, ಅದರ ಮೇಲೆ ಓದುವ ಮೇಜಿನಂತೆ ಇಳಿಜಾರಾಗಿ ಕೂರಿಸಿದ ಬಿಳಿ ಹಲಗೆ. ಅದು ಅವರ ತಮ್ಮನದು. ಮುದುಕರು ಕೊಡೆಯ ತುದಿಯಿಂದ ಕೊನೆಯ ಸಾಲು ತೋರಿಸಿದರು.

"ಇದು ಬೇಡ. ನೀನು ತೆಗಿ."

ಏನು ಬರೆದಿದೆ ಎಂದು ಡ್ರೈವರನ್ನು ಕೇಳಿದೆ. ಅವನು ತಲೆ ಕೆರೆದುಕೊಂಡ. "ಮೇಲೆಲ್ಲಾ ಹೆಸ್ರು, ದೇವ್ರ ಮಾತು. ಕೊನೇಲಿ... ಆಯಾ ನಿದ್ದೆ ಮಾಡ್ತಿದ್ಲು, ಅದಕ್ಕೇ ಈ ಮಗು ಕೆರೇಲಿ ಮುಳುಗ್ತು, ಅಂತ. ಅವಳ ಹೆಸ್ರಿಲ್ಲ. ಆಯಾ ಅಂತ ಅಷ್ಟೇ."

ಸತ್ತವರ ಕಲ್ಲಿನ ಮೇಲೆ ಒಳ್ಳೆಯ ಮಾತನ್ನೇ ಕೆತ್ತಿ ಬೆಳೆದವನು ನಾನು. ಬದುಕಿದ್ದವಳ ಮೇಲೆ ದೂರು ಕೆತ್ತಿದ್ದನ್ನು ಅವತ್ತೇ ಮೊದಲು ಕಂಡದ್ದು. ಆ ಹಲಗೆಯ ಮುಂದೆ ನಾನು ಎಷ್ಟು ಸಲ ಓಡಾಡಿದ್ದೆ! ಅಕ್ಷರದ ಅಂದ ಚೆನ್ನಾಗಿದೆ ಎಂದು ಒಮ್ಮೆ ನಿಂತು ನೋಡಿಯೂ ಇದ್ದೆ.

ಉಳಿದ ಸಂಗತಿ ಡ್ರೈವರ್ ಹೇಳಿದ. ಹಲಗೆ ಹಾಕಿಸಿದ್ದು ಮುದುಕರ ತಂದೆ. ಭಾನುವಾರ ಭಾನುವಾರ ಚರ್ಚು ಮುಗಿಸಿ ದೊರೆಗಳ ಸಂಸಾರಗಳೆಲ್ಲ ಗೋರಿಗಳ ನಡುವೆ ಓಡಾಡುತ್ತಿದ್ದ ಕಾಲ ಅದು. ಎಲ್ಲರೂ ಓದಿದರು. ಆಯಾಳನ್ನು ಕೆಲಸದಿಂದ ತೆಗೆದದ್ದಲ್ಲದೆ ಬೇರೆ ಯಾವ ಬಂಗಲೆಯವರೂ ಗೇಟಿನೊಳಗೆ ಸೇರಿಸಲಿಲ್ಲ. ಆಮೇಲೆ ಸಂಸಾರ ಇಂಗ್ಲೆಂಡಿಗೆ ಹೊರಟುಹೋಯಿತು. ಹುಡುಗ ಓದಿದ, ವಕೀಲನಾದ, ಕಲ್ಲಿದ್ದಲು ತೆಗೆಯುವ ಒಂದು ಊರಿನಿಂದ ಮೇಲಿಂದ ಮೇಲೆ ಗೆದ್ದು ಅಲ್ಲಿನ ಪಾರ್ಲಿಮೆಂಟಿನಲ್ಲಿ ಕೂತ. ಕೂಲಿಯವರ ಪರ, ಮನೆಗೆಲಸದವರ ಪರ ಮಾತಾಡಿ ಹೆಸರು ಮಾಡಿದ. ಈಗ ಆಯಾಳ ಕಡೆಯವರನ್ನು ಹುಡುಕುತ್ತಾ ಬಂದಿದ್ದಾರೆ. ಹುಡುಕುವ ಕೆಲಸ ಡ್ರೈವರನದೇ. ಮರ್ಫಿ ಟೌನಿನಲ್ಲಿ ಹಳೇ ಬಟ್ಲರ್, ಆಯಾಗಳ ಮನೆಮನೆ ಕೇಳಿ, ಜೋಗುಪಾಳ್ಯದಲ್ಲಿ ಆಯಾಳ ಮಗಳನ್ನು ಪತ್ತೆ ಮಾಡಿದ್ದ. ಸೊಪ್ಪು ಮಾರುವ ಹೆಂಗಸು.

"ಕರ್ಕೊಂಡ್ ಬರ್ಲಾ ಅಂದೆ. ಬೇಡ ಅಂದ್ರು. ಮೊದ್ಲು ಸಾಲು ಹೋಗ್ಬೇಕಂತೆ. ಕ್ಲೀನ್ ಕಲ್ಲು ತೋರ್ಸಿ ಆಮೇಲೆ ಮುಖ ತೋರಿಸ್ತಾರಂತೆ. ವಿಮಾನಕ್ಕೆ ಜಾಸ್ತಿ ದಿನ ಇಲ್ಲ ಉಸ್ತಾದ್."

ಆ ಸಾಲಿಗೆ ಕಾರಣ ಯಾರೆಂದು ಮುದುಕರು ಹೇಳಲಿಲ್ಲ. ಕಲ್ಲಿನ ಕೆಲಸಕ್ಕೆ ಅದು ಬೇಕಾಗಿಯೂ ಇರಲಿಲ್ಲ, ನಾನು ಕೇಳಲೂ ಇಲ್ಲ.

ಸ್ಮಶಾನದ ಕಮಿಟಿ ಸೆಕ್ರೆಟರಿ, ಸಂಬಂಧಿಕರು ಅಂದ ಮೇಲೆ ಮಾಡಿಕೊಳ್ಳಿ, ಆದರೆ ಹಲಗೆ ಕೀಳುವಂತಿಲ್ಲ, ಹೊರಗೆ ಒಯ್ಯುವಂತಿಲ್ಲ ಎಂದರು. ಹಾಗಾಗಿ ಶೆಡ್ಡಿನಲ್ಲಿ ಕೂತು ಮಾಡುವ ಕೆಲಸವನ್ನು ಮಂಡಿಯೂರಿ ಮಾಡಬೇಕಾಯಿತು. ಕೈ ತೊಳೆಯುವ ನೀರನ್ನೂ ನಲ್ಲಿಯಿಂದ ಹೊತ್ತು ತರಬೇಕಾಯಿತು.

ಸೀಸದ ಅಕ್ಷರ ಅಂದರೆ ಬರೀ ಗೆರೆಯಲ್ಲ. ಮೊದಲು ಅಕ್ಷರದ ಆಕಾರಕ್ಕೆ ಕಲ್ಲನ್ನು ತೋಡಬೇಕು. ತೋಡಿದ ತಳದಲ್ಲಿ ಬೈರಿಗೆಯಿಂದ ಓರೆಯಾಗಿ ತೂತು ಕೊರೆಯಬೇಕು. ಸೀಸದ ತಗಡನ್ನು ಮೇಲಿಟ್ಟು ಮರದ ಕೊಡತಿಯಿಂದ ಬಡಿದರೆ ಸೀಸ ತೂತಿನೊಳಗೆ ಇಳಿದು ಬೇರು ಬಿಡುತ್ತದೆ. ಆಮೇಲೆ ಉಜ್ಜಿ ಮಟ್ಟ ಮಾಡುವುದು. ಅದನ್ನು ಕೀಳುವುದೆಂದರೆ ಒಂದೊಂದು ಬೇರನ್ನೂ ಬಿಡಿಸಬೇಕು. ಹಲಗೆಯ ಮುಖವನ್ನೇ ಪೂರ್ತಿ ಉಜ್ಜಿ ಇಳಿಸಿದರೆ ತಮ್ಮನ ಹೆಸರೂ ಹೋಗುತ್ತದೆ. ಒಂದು ಸಾಲನ್ನಷ್ಟೇ ಇಳಿಸಿದರೆ ತೊಟ್ಟಿಯ ಹಾಗೆ ಹಳ್ಳ ಬೀಳುತ್ತದೆ. ಉಳಿದದ್ದು ಒಂದೇ ದಾರಿ: ಸೀಸ ಕಿತ್ತು, ಅಮೃತಶಿಲೆಯ ಪುಡಿಯನ್ನು ಅಂಟಿನಲ್ಲಿ ಕಲಸಿ ತುಂಬಿ, ಒಣಗಿದ ಮೇಲೆ ಉಜ್ಜುವುದು.

ನಾನು ದುಡುಕುವವನಲ್ಲ. ಅದೇ ಜಾತಿಯ ಹಳೇ ಹಲಗೆಯ ಚೂರು ಶೆಡ್ಡಿನಲ್ಲಿತ್ತು. ಅದರಲ್ಲಿ ಅಕ್ಷರ ತೋಡಿ, ತುಂಬಿ, ಉಜ್ಜಿ, ನೀರಿನ ತೊಟ್ಟಿಯಲ್ಲಿ ಮುಳುಗಿಸಿ ತೆಗೆದು ನೋಡಿದೆ. ಅಕ್ಷರ ಇದ್ದ ಗುರುತೇ ಇಲ್ಲ. ಧೈರ್ಯ ಬಂತು.

ಆದರೆ ಆ ಹಲಗೆ ನನ್ನ ಕೈಗೆ ಒಗ್ಗಲಿಲ್ಲ. ಮೊದಲನೇ ಅಕ್ಷರದ ಸೀಸ ಎತ್ತುವಾಗಲೇ ಅಂಚು ಉದುರಿತು. ಕಲ್ಲು ಕಲ್ಲಿನ ಹಾಗೆ ಒಡೆಯಲಿಲ್ಲ, ಹಳೇ ಬೆಲ್ಲದ ಹಾಗೆ ಪುಡಿಪುಡಿಯಾಯಿತು. ಸುತ್ತಿಗೆ ಬಿಟ್ಟು ಕೈಯ ಒತ್ತಡದಲ್ಲೇ ಕೆಲಸ ಮಾಡಬೇಕಾಯಿತು. ಮಂಡಿಯೂರಿ ಬಗ್ಗಿದಾಗ ಎಡಗೈ ತಾನಾಗಿ ಪೀಠದ ಅಂಚಿಗೆ ಹೋಗುತ್ತಿತ್ತು. ಒಮ್ಮೆ ಬೆವರು ಒರೆಸಿಕೊಳ್ಳಲು ಕೈ ತೆಗೆದಾಗ ನೋಡಿದೆ. ನಾನು ಕೈಯೂರಿದ್ದ ಜಾಗದಲ್ಲಿ ಗ್ರಾನೈಟ್ ಮೊದಲೇ ಕಪ್ಪಗೆ, ಎಣ್ಣೆಯಾಡಿದ ಹಾಗೆ ಹೊಳೆಯುತ್ತಿತ್ತು. ಗುಡಿಯ ಬಾಗಿಲ ಕಂಬಗಳಲ್ಲಿ ಜನ ಕೈ ಇಟ್ಟು ಇಟ್ಟು ಆಗಿರುತ್ತದಲ್ಲ, ಹಾಗೆ. ಬೆನ್ನ ಮೇಲೆ ಯಾರೋ ಉಸಿರು ಬಿಟ್ಟಂತಾಯಿತು. ಸಾಲಿನ ಮೇಲೆ ಬೆಳಕು ಓರೆಯಾಗಿ ಬಿದ್ದಾಗ ಸಣ್ಣ ಗೀರುಗಳೂ ಕಂಡವು. ಎಲ್ಲವೂ ಅರ್ಧಚಂದ್ರದ ಹಾಗೆ ಒಂದೇ ಕಡೆಗೆ ಬಾಗಿದ್ದವು. ಬಲಗೈಯಲ್ಲಿ ಉಜ್ಜಿದರೆ ಮಾತ್ರ ಹಾಗೆ ಬೀಳುತ್ತದೆ.

ನನಗಿಂತ ಮೊದಲು ಯಾರೋ ಇದೇ ಜಾಗದಲ್ಲಿ ಕೂತು ಇದೇ ಕೆಲಸಕ್ಕೆ ಕೈ ಹಾಕಿದ್ದರು. ಇದನ್ನು ಯಾರಿಗೂ ಹೇಳಲಿಲ್ಲ. ಅವತ್ತು ಬೇಗ ಸಾಮಾನು ಕಟ್ಟಿದೆ.

ಮುದುಕರು ದಿನಾ ಬಂದು ಪಕ್ಕದ ಗೋರಿಯ ಕಟ್ಟೆಯ ಮೇಲೆ ಕೊಡೆ ಬಿಚ್ಚಿ ಕೂರುತ್ತಿದ್ದರು. ಒಂದು ದಿನ ನಾನೇ ಡ್ರೈವರನ ಮೂಲಕ ಕೇಳಿದೆ, "ಅಷ್ಟು ವರ್ಷ ಪಾರ್ಲಿಮೆಂಟಲ್ಲಿ ಇದ್ರಲ್ಲ, ಏನ್ ಮಾಡ್ತಿದ್ರಿ ಅಲ್ಲಿ?"

ಅವರು ನಕ್ಕರು. ಇಂಗ್ಲಿಷಿನಲ್ಲಿ ಉದ್ದಕ್ಕೆ ಹೇಳಿದರು. ಡ್ರೈವರ್ ನಿಲ್ಲಿಸಿ ನಿಲ್ಲಿಸಿ ಕನ್ನಡ ಮಾಡಿದ. "ಶನಿವಾರ ಶನಿವಾರ ಊರಲ್ಲಿ ಒಂದು ರೂಮಲ್ಲಿ ಕೂತ್ಕೋತಿದ್ರಂತೆ. ಜನ ಸಾಲಾಗಿ ಬಂದು ಕಷ್ಟ ಹೇಳ್ಕೊಳ್ಳೋರು. ಕೆಲ್ಸದಿಂದ ತೆಗೆದ್ರು, ಸುಳ್ಳು ಆಪಾದನೆ ಹಾಕಿದ್ರು ಅಂತ ಯಾರಾದ್ರೂ ಹೆಂಗಸು ಬಂದ್ರೆ ಇವರು ಬಿಡ್ತಿರ್ಲಿಲ್ಲವಂತೆ. ಮಂತ್ರಿ ತನಕ ಹೋಗೋರಂತೆ. ಜನ ತುಂಬಾ ಹೊಗಳ್ತಿದ್ರು ಅಂತಾರೆ. ಹೊಗಳಿದ ದಿನ ನಿದ್ದೆ ಬರ್ತಿರ್ಲಿಲ್ಲ ಅಂತಾರೆ."

"ಯಾಕಂತೆ?"

"ಅದನ್ನ ಹೇಳಲ್ಲ."

ಇನ್ನೊಂದು ಸಂಗತಿಯೂ ಹೇಳಿದರು. ಅಲ್ಲಿನ ಸಭೆಯಲ್ಲಿ ಆಡಿದ ಪ್ರತಿ ಮಾತನ್ನೂ ಅಚ್ಚು ಹಾಕುತ್ತಾರಂತೆ. ಮೆಂಬರ್ ಏನಾದರೂ ತಪ್ಪು ಹೇಳಿಬಿಟ್ಟರೆ ಅದನ್ನು ಗುಟ್ಟಾಗಿ ಅಳಿಸಿಕೊಳ್ಳುವಂತಿಲ್ಲ. ಎದ್ದು ನಿಂತು, ನಾನು ಇಂಥ ದಿನ ಹೇಳಿದ್ದು ಸರಿಯಲ್ಲ ಎಂದು ಎಲ್ಲರೆದುರು ಹೇಳಬೇಕು. ಹಳೆಯದೂ ಇರುತ್ತದೆ, ಹೊಸದೂ ಇರುತ್ತದೆ. ಒಳ್ಳೇ ಪದ್ಧತಿ ಎಂದೆ. ಅವರು ಹಲಗೆಯ ಕಡೆಗೆ ತಿರುಗಿ ಕೂತರು.

ತುಂಬಿ, ಒಣಗಿಸಿ, ಪುಡಿಯಾಗುವ ಕಲ್ಲೆಂದು ನೀರು ಮುಟ್ಟಿಸದೆ ನುಣುಪು ಕಲ್ಲಿನಿಂದ ಉಜ್ಜಿ ಮುಗಿಸಿದ ಮಧ್ಯಾಹ್ನ ಹಲಗೆ ನಿಜಕ್ಕೂ ಚೆನ್ನಾಗಿ ಬಂದಿತ್ತು. ಕೊನೆಯ ಸಾಲು ಇದ್ದ ಜಾಗದಲ್ಲಿ ಬರೀ ಬಿಳುಪು. ಮುದುಕರು ಬಗ್ಗಿ, ಕನ್ನಡಕ ತೆಗೆದು, ಹಾಕಿ, ಮತ್ತೆ ತೆಗೆದು ನೋಡಿದರು. ನನ್ನ ಧೂಳು ಮೆತ್ತಿದ ಕೈ ಹಿಡಿದುಕೊಂಡು, "ನೀನು ಒಳ್ಳೇದು" ಎಂದರು. ಮರುದಿನವೇ ಆಯಾಳ ಮಗಳನ್ನು ಕರೆತರಲು ಡ್ರೈವರನಿಗೆ ಹೇಳಿದರು.

ಬೆಳಿಗ್ಗೆ ಆಟೋದಿಂದ ಇಳಿದ ಹೆಂಗಸಿಗೆ ಅರವತ್ತರ ಮೇಲಾಗಿತ್ತು. ಗಟ್ಟಿ ದೇಹ, ಕಂಕುಳಲ್ಲಿ ಪ್ಲಾಸ್ಟಿಕ್ ಕೊಡ, ಕೈಯಲ್ಲಿ ಬಟ್ಟೆ ಚೀಲ. ದಾರಿ ಯಾರೂ ತೋರಿಸಬೇಕಾಗಿರಲಿಲ್ಲ. ನಮ್ಮೆಲ್ಲರಿಗಿಂತ ಮುಂದೆ ನಡೆದು, ನಲ್ಲಿಯ ಬಳಿ ಕೊಡ ತುಂಬಿಕೊಂಡು ನೇರ ಆ ಗೋರಿಯ ಹತ್ತಿರ ಹೋದಳು.

ಮುದುಕರು ಟೋಪಿ ತೆಗೆದು ನಿಂತಿದ್ದರು. ಅವಳು ಅವರನ್ನು ಮೇಲಿಂದ ಕೆಳಗೆ ನೋಡಿದಳು.

"ನೀನೇನಾ ಆ ದೊಡ್ಡ ಹುಡುಗ? ನಮ್ಮಮ್ಮ ಹೇಳೋಳು. ಅನ್ನಕ್ಕೆ ಸಕ್ಕರೆ ಹಾಕ್ದೆ ಇದ್ರೆ ತಿನ್ನಲ್ಲ ಅಂತ."

ಮುದುಕರಿಗೆ ಅರ್ಥವಾಯಿತು. "ನಾನು" ಎಂದರು. ಆಮೇಲೆ ಅವಸರದಿಂದ ಹಲಗೆ ತೋರಿಸಿ, "ನೋಡು. ಇಲ್ಲ. ಹೋಯ್ತು" ಎಂದರು.

ಅವಳು ನೋಡಿದಳು. ಸೆರಗು ಸೊಂಟಕ್ಕೆ ಸಿಕ್ಕಿಸಿ, ಮಂಡಿಯೂರಿ, ಎಡಗೈಯನ್ನು ಪೀಠದ ಅಂಚಿನ ಆ ಕಪ್ಪು ಜಾಗಕ್ಕೆ ಊರಿದಳು. ಗೋರಿಗೆ ಬಂದರೆ ಮೊದಲು ತೊಳೆಯುವುದು ಅವಳಿಗೆ ಅಭ್ಯಾಸ. ಕೊಡ ಬಗ್ಗಿಸಿ ಹಲಗೆಯ ಮೇಲೆ ನೀರು ಸುರಿದಳು.

ನೀರು ಇಳಿದುಹೋಯಿತು. ಕಲ್ಲು ನಿಧಾನವಾಗಿ ಬೂದಿ ಬಣ್ಣಕ್ಕೆ ತಿರುಗಿತು. ಬೂದಿಯ ಮಧ್ಯೆ, ಹಾಲಿನಲ್ಲಿ ಬರೆದ ಹಾಗೆ, ಒಂದೊಂದೇ ಅಕ್ಷರ ಬಿಳಿಯಾಗಿ ಎದ್ದಿತು. ಇಡೀ ಸಾಲು ಎದ್ದು ನಿಂತಿತು. ಮೊದಲು ಕಪ್ಪಗಿದ್ದದ್ದು ಈಗ ಬೆಳ್ಳಗಿತ್ತು, ಅಷ್ಟೇ ವ್ಯತ್ಯಾಸ.

"ಇಲ್ಲೇ ಇದೆಯಲ್ಲಪ್ಪಾ" ಎಂದಳು ಅವಳು. ಓದು ಬಾರದ ಹೆಂಗಸು. ಸಾಲಿನ ಆಕಾರದ ಗುರುತು ಅವಳಿಗಿತ್ತು.

ಡ್ರೈವರ್ "ಯಾ ಅಲ್ಲಾ" ಎಂದು ಎರಡು ಹೆಜ್ಜೆ ಹಿಂದೆ ಹೋದ. ಮುದುಕರು ಕಟ್ಟೆಯ ಮೇಲೆ ಕೂತರು. ನನಗೆ ನಾಚಿಕೆಯೂ ಸಿಟ್ಟೂ ಒಟ್ಟಿಗೆ ಬಂದವು. ಶೆಡ್ಡಿನ ಚೂರು ನೀರಿನಲ್ಲಿ ಮುಳುಗಿದರೂ ಬದಲಾಗಿರಲಿಲ್ಲ. ಇಲ್ಲಿ ಕಲ್ಲು ನೀರು ಕುಡಿದಿತ್ತು, ನಾನು ತುಂಬಿದ ಪುಡಿ ಕುಡಿದಿರಲಿಲ್ಲ. ಅದಕ್ಕೇ ಬೇರೆ ಬೇರೆ ಬಣ್ಣ. ಆದರೆ ಅಮೃತಶಿಲೆ ಹೀಗೆ ಸ್ಪಂಜಿನ ಹಾಗೆ ಕುಡಿಯುವುದು ಯಾಕೆ? ಅದೂ ಈ ಒಂದು ಸಾಲಿನಲ್ಲಿ ಮಾತ್ರ?

"ಅಮ್ಮಾ, ಈ ಜಾಗಕ್ಕೆ ಯಾರಾದ್ರೂ ಏನಾದ್ರೂ ಹಾಕಿದ್ರಾ?" ಎಂದು ಕೇಳಿದೆ.

ಅವಳು ಬಟ್ಟೆ ಚೀಲದಿಂದ ಒಂದು ಉಂಡೆ ತೆಗೆದು ತೋರಿಸಿದಳು. ಹುಣಸೆಹಣ್ಣು.

"ಇದ್ರಲ್ಲೇ ತಿಕ್ಕೋದು. ಭಾನುವಾರ ಭಾನುವಾರ, ದೊರೆಗಳೆಲ್ಲ ಮನೆಗ್ ಹೋದ್ಮೇಲೆ ನಮ್ಮಮ್ಮ ಬರೋಳು. ನಾನ್ ಚಿಕ್ಕೋಳಿದ್ದಾಗ ಕೊಡ ಹೊತ್ಕೊಂಡ್ ಬರ್ತಿದ್ದೆ. ಆಮೇಲೆ ವಯಸ್ಸಾದಾಗ, ಇಂದ್ರಾನಗರ ಕಟ್ಟೋವಾಗ್ಲೂ ಗಾರೆ ಹೊರೋ ಕೆಲ್ಸ ಅವಳ್ದು. ಇಡೀ ವಾರ ಹೊತ್ತು, ಭಾನುವಾರ ಇಲ್ಲಿ ಬಂದು ತಿಕ್ಕೋಳು. ಮಗೂನ ಕಲ್ಲು ಹೊಳೀಬೇಕು ಅನ್ನೋಳು."

"ಬರೆದಿದ್ದು ಏನು ಅಂತ ಅವರಿಗೆ ಗೊತ್ತಿತ್ತಾ?"

"ಮೊದ್ಲು ಗೊತ್ತಿರ್ಲಿಲ್ಲ. ದೇವ್ರ ಮಾತು ಅಂದ್ಕೊಂಡು ಮುಟ್ಟಿ ಕಣ್ಣಿಗೆ ಒತ್ಕೋತಿದ್ಲು. ಯಾರೋ ಬಟ್ಲರು ಓದಿ ಹೇಳ್ಬಿಟ್ಟ. ಆವತ್ತಿಂದ ಮೇಲಿನ ಸಾಲಿಗೆಲ್ಲ ಬರೀ ನೀರು. ಕೊನೇ ಸಾಲಿಗೆ ಹುಣಸೆಹಣ್ಣು. ಹಿತ್ತಾಳೆ ಕಿಲುಬು ಹೋಗುತ್ತಲ್ಲ, ಇದೂ ಹೋಗುತ್ತೆ ಅಂತ. ಸಾಯೋವರ್ಗೂ ತಿಕ್ಕಿದ್ಲು. ಅವಳು ಹೋದ್ಮೇಲೆ ನಾನು ವರ್ಷಕ್ ಒಂದ್ಸಲ, ಸತ್ತವರ ಹಬ್ಬದ ದಿನ."

ನನ್ನ ಕೈಯಲ್ಲಿದ್ದ ಉಜ್ಜುಗಲ್ಲನ್ನು ಕೆಳಗಿಟ್ಟೆ. ಹುಳಿ ಬಿದ್ದರೆ ಅಮೃತಶಿಲೆ ಕರಗುತ್ತದೆ, ಸೀಸ ಕರಗುವುದಿಲ್ಲ. ಅವಳು ತಿಕ್ಕಿದಷ್ಟೂ ಸುತ್ತಲಿನ ಕಲ್ಲು ಇಳಿದಿದೆ, ಅಕ್ಷರ ಮೇಲೆದ್ದಿದೆ. ಅಳಿಸಲು ಹೋಗಿ ಆ ತಾಯಿ ವಾರ ವಾರವೂ ತನ್ನ ಮೇಲಿನ ದೂರನ್ನು ಇನ್ನಷ್ಟು ಎದ್ದು ಕಾಣುವಂತೆ ಮಾಡಿದ್ದಳು. ಈ ಮಾತನ್ನು ಮಗಳಿಗೆ ನಾನು ಹೇಳಲಿಲ್ಲ. ಇವತ್ತಿಗೂ ಹೇಳಿಲ್ಲ.

ಡ್ರೈವರ್ ಅವಳ ಮಾತನ್ನು ಇಂಗ್ಲಿಷ್ ಮಾಡಲು ಬಾಯಿ ತೆರೆದ. ಮುದುಕರು ಕೈಯೆತ್ತಿ ತಡೆದರು. ಅವಳ ಕನ್ನಡ ಅವರಿಗೆ ಅರ್ಥವಾಗಿತ್ತು. ಎದ್ದು ನಿಂತು, ಅವಳ ಮುಂದೆ ಕೈಗಳನ್ನು ಪಕ್ಕಕ್ಕೆ ಇಳಿಬಿಟ್ಟು, ಸ್ಕೂಲಿನಲ್ಲಿ ಮೇಷ್ಟರ ಮುಂದೆ ನಿಂತ ಹಾಗೆ ನಿಂತು, ಕನ್ನಡದಲ್ಲಿ ಹೇಳಿದರು.

"ಆಯಾ ಮಲಗಿಲ್ಲ. ಆಯಾ ಹಿಂದೆ ನೀರು ಕಾಯಿಸ್ತಿತ್ತು. ತಮ್ಮ ಎಲ್ಲಿ ಅಂತ ಕೇಳ್ತು. ಒಳಗೆ ಮಲಗಿದೆ ಅಂತ ನಾನು ಹೇಳ್ದೆ. ಆಮೇಲೆ ಕರ್ಕೊಂಡು ಹೋದೆ. ಕೆರೆಗೆ. ಮೀನಿಗೆ. ನಾನು ಕೈ ಬಿಟ್ಟೆ. ಅಪ್ಪ ಕೇಳ್ತು. ಹೊಡೀತಾನೆ ಅಂತ... ಆಯಾ ನಿದ್ದೆ ಮಾಡ್ತು ಅಂತ ನಾನು ಸುಳ್ಳು ಹೇಳ್ದೆ."

ಒಬ್ಬ ಏಳು ವರ್ಷದ ಹುಡುಗ ಮಾತಾಡಿ ಮುಗಿಸಿದ್ದ. ಎದುರಿಗೆ ನಿಂತಿದ್ದವರಿಗೆ ಮಾತ್ರ ಎಪ್ಪತ್ತು.

ಅವಳು ಹುಣಸೆಹಣ್ಣನ್ನು ಚೀಲಕ್ಕೆ ಹಾಕಿಕೊಂಡಳು. ಆಮೇಲೆ, "ನಂಗ್ಯಾಕ್ ಹೇಳ್ತೀಯ?" ಎಂದಳು. ಧ್ವನಿ ಏರಿರಲಿಲ್ಲ. "ನಂಗೆ ಗೊತ್ತಿತ್ತು, ನಮ್ಮಮ್ಮ ಮಲಗೋಳಲ್ಲ ಅಂತ. ಊರಿಗೆಲ್ಲ ಹೇಳಿದ್ದು ಈ ಕಲ್ಲು. ಈ ಕಲ್ಲು ಕೈಲೇ ಹೇಳ್ಸು."

ಕೊಡ ಎತ್ತಿಕೊಂಡು ಹೊರಟಳು. ಡ್ರೈವರ್ ಆಟೋ ಎಂದರೂ ಕೇಳದೆ ನಡೆದೇ ಹೋದಳು.

ಮುದುಕರು ಮಧ್ಯಾಹ್ನದವರೆಗೆ ಅಲ್ಲೇ ಇದ್ದರು. ಬಿಸಿಲಿಗೆ ಕಲ್ಲು ಒಣಗಿ ಸಾಲು ಮತ್ತೆ ಮಾಯವಾಯಿತು. ಡ್ರೈವರ್ ಮೆಲ್ಲಗೆ ನನ್ನ ಕಿವಿಯಲ್ಲಿ, "ಅಲ್ಲಿ ಇವರ ಹೆಸ್ರಲ್ಲಿ ಒಂದು ಹಾಲ್ ಇದೆಯಂತೆ ಉಸ್ತಾದ್. ಮೊಮ್ಮಕ್ಕಳಿಗೂ ಈ ವಿಷ್ಯ ಗೊತ್ತಿಲ್ಲವಂತೆ" ಎಂದ. ಒಣಗಿದಾಗ ಕಾಣುವುದಿಲ್ಲ, ಹಾಗೇ ಬಿಟ್ಟು ಹೋಗಬಹುದಿತ್ತು. ಬಿಟ್ಟು ಹೋಗುತ್ತಾರೆ ಎಂದೇ ನಾನೂ ತಿಳಿದಿದ್ದೆ.

ಮರುದಿನ ಶೆಡ್ಡಿಗೆ ಬಂದರು. ವಿಮಾನದ ದಿನ ಮುಂದಕ್ಕೆ ಹಾಕಿಸಿದ್ದರು. ಕೈಯಲ್ಲಿ ಒಂದು ಚೀಟಿ. ಡ್ರೈವರ್ ಓದಿದ: ಆಯಾಳ ಹೆಸರು, ಅವಳು ನಿದ್ದೆ ಮಾಡಿರಲಿಲ್ಲ, ಅವಳ ತಪ್ಪೇನೂ ಇಲ್ಲ.

"ಇದನ್ನ ಹೇಳ್ತಿರೋದು ಯಾರು ಅಂತ ಇಲ್ವಲ್ಲ?" ಎಂದ ಡ್ರೈವರ್, ಕನ್ನಡದಲ್ಲಿ, ತನಗೆ ತಾನೇ ಅನ್ನುವ ಹಾಗೆ.

ಮುದುಕರು ಅದನ್ನು ಕೇಳಿಸಿಕೊಂಡರು. ಚೀಟಿಯನ್ನು ನನ್ನ ಕೆಲಸದ ಹಲಗೆಯ ಮೇಲಿಟ್ಟು ಪೆನ್ನು ತೆಗೆದರು. ಪಾರ್ಲಿಮೆಂಟಿನ ಮಾತು ಅವರೇ ತೆಗೆದರು. ಎದ್ದು ನಿಲ್ಲಬೇಕು, ಹೆಸರು ಹೇಳಬೇಕು, ಇಲ್ಲದಿದ್ದರೆ ತಿದ್ದುಪಡಿ ಆಗುವುದಿಲ್ಲ ಎಂದರು. ಬರೆದರು: ಸುಳ್ಳು ಹೇಳಿದವನು ನಾನು, ಇವನ ಅಣ್ಣ. ಕೆಳಗೆ ತಮ್ಮದೇ ಪೂರ್ತಿ ಹೆಸರು. ಹೆಸರಿನ ಪಕ್ಕ ಎರಡು ಅಕ್ಷರ ಸೇರಿಸಿದರು. ಅವೆರಡು ನನಗೂ ಗೊತ್ತು, ಎಂ.ಪಿ.

ನನಗೆ ಹಿಡಿಸಲಿಲ್ಲ. "ಇದರಲ್ಲೂ ಪದವಿ ಬೇಕಾ?" ಎಂದೆ. ಡ್ರೈವರ್ ಬೇಡ ಬೇಡ ಎಂದು ಕಣ್ಸನ್ನೆ ಮಾಡಿದರೂ ಬಿಡದೆ ಹೇಳಿಸಿದೆ.

ಅವರು ಬೇಸರ ಮಾಡಿಕೊಳ್ಳಲಿಲ್ಲ. ಇಂಗ್ಲಿಷಿನಲ್ಲಿ ಹೇಳಿದ್ದನ್ನು ಡ್ರೈವರ್ ನಿಧಾನವಾಗಿ ಹೇಳಿದ. "ಅದಿಲ್ದಿದ್ರೆ 'ಪಾಪ, ಯಾವ್ದೋ ಮಗು ಹೇಳಿದ್ದು' ಅಂತ ಜನ ಓದಿ ಹೋಗ್ತಾರಂತೆ. ಮಗು ಹೇಳಿದ್ದು ಒಂದು ಸುಳ್ಳು. ದೊಡ್ಡವನಾಗಿ, ಮಾತಿಗೆ ಬೆಲೆ ಇರೋ ಜಾಗದಲ್ಲಿ ಕೂತು, ಊರೋರೆಲ್ಲರ ಪರ ಮಾತಾಡಿ, ಇದೊಂದನ್ನ ಹೇಳ್ಲಿಲ್ಲವಲ್ಲ, ಅದು ಇನ್ನೊಂದು. ಎರಡೂ ಗೊತ್ತಾಗ್ಬೇಕು ಅಂತಾರೆ."

ಪದವಿ ಉಳಿಯಿತು.

ಎಲ್ಲಿ ಕೆತ್ತುವುದು ಎಂಬುದು ನನ್ನ ತೀರ್ಮಾನ. ಹಲಗೆಯಲ್ಲಿ ಕೆಳಗೆ ಜಾಗವಿತ್ತು, ಆದರೆ ಹುಳಿ ಕುಡಿದ ಕಲ್ಲು ಸೀಸದ ಬೇರು ಹಿಡಿಯುವುದಿಲ್ಲ. ನನ್ನ ಕಾಲ ಮುಗಿಯುವ ಮೊದಲೇ ಉದುರುತ್ತದೆ. ಗ್ರಾನೈಟಿನ ಪೀಠದ ಮುಂಭಾಗದಲ್ಲಿ ಕೆತ್ತುವುದೆಂದು ನಿರ್ಧರಿಸಿದೆ. ಸೀಸವಿಲ್ಲ, ಬಣ್ಣವಿಲ್ಲ. ಕಣಿವೆಯ ಹಾಗೆ ಎರಡೂ ಕಡೆಯಿಂದ ಇಳಿಸಿ ತೋಡಿದ ಅಕ್ಷರ. ನೆರಳೇ ಅದರ ಬಣ್ಣ. ಗ್ರಾನೈಟಿನಲ್ಲಿ ಒಮ್ಮೆ ಇಳಿದ ಗೆರೆಯನ್ನು ಹುಣಸೆಹಣ್ಣೂ ಏನೂ ಮಾಡಲಾರದು, ನಾನೂ ಏನೂ ಮಾಡಲಾರೆ. ಸೆಕ್ರೆಟರಿ ಚೀಟಿ ಓದಿ, ಮುದುಕರ ಮುಖ ನೋಡಿ, ಇದು ನಿಮಗೆ ಒಪ್ಪಿಗೆಯಾ ಎಂದು ಎರಡು ಸಲ ಕೇಳಿ, ಒಪ್ಪಿದರು.

ಗ್ರಾನೈಟ್ ಅವಸರಕ್ಕೆ ಬಗ್ಗುವ ಕಲ್ಲಲ್ಲ. ಚಾಣದ ಮೂತಿ ಮೊಂಡಾಗುತ್ತಲೇ ಇತ್ತು. ಸಂಜೆ ಶೆಡ್ಡಿಗೆ ಒಯ್ದು ಕುಲುಮೆಗೆ ಹಾಕಿ, ಬಡಿದು, ಹದ ಕೊಟ್ಟು ಬೆಳಿಗ್ಗೆ ತರುತ್ತಿದ್ದೆ. ಮೊದಲು ಆಯಾಳ ಹೆಸರು ಕೆತ್ತಿದೆ. ಅಷ್ಟು ದೊಡ್ಡ ಸ್ಮಶಾನದಲ್ಲಿ ಅವಳಿಗೆ ಬೇರೆ ಎಲ್ಲಿಯೂ ಹೆಸರಿರಲಿಲ್ಲ. ಊರ ಕಡೆ ಕೆ.ಆರ್. ಪುರದ ಆಚೆ ಎಲ್ಲೋ ಮಣ್ಣು ಮಾಡಿದ್ದರಂತೆ, ಈಗ ಅಲ್ಲಿ ಲೇಔಟಂತೆ. ಅವಳ ಹೆಸರು ಕೆತ್ತುವಾಗೆಲ್ಲ ನನ್ನ ಎಡಗೈಯನ್ನು ಆ ಕಪ್ಪು ಜಾಗದಿಂದ ದೂರ ಇಟ್ಟುಕೊಂಡೆ. ಯಾಕೋ ಅಲ್ಲಿ ಯಾರೋ ಕೈಯೂರಿದ್ದಾರೆ ಅನ್ನಿಸುತ್ತಿತ್ತು.

ಹೊರಡುವ ಹಿಂದಿನ ದಿನ ಕೊನೆಯ ಅಕ್ಷರ ಮುಗಿಯಿತು. ಮುದುಕರು ಕೂತು ತಮ್ಮದೇ ಹೆಸರಿನೊಳಗೆ ಬೆರಳಿಟ್ಟು, ಮೊದಲಿನಿಂದ ಕೊನೆಯವರೆಗೆ ಎಳೆದುಕೊಂಡು ಹೋದರು. "ನೋವಾಗ್ತದೆ" ಎಂದರು. ಹೊಸದಾಗಿ ತೋಡಿದ ಗ್ರಾನೈಟಿನ ಅಂಚು ಹರಿತ. ಅದಕ್ಕೇ ಅಂದರೋ ಏನೋ. ಹೋಗುವಾಗ ಕೊಡೆಯನ್ನು ಮರೆತು ಹೋದರು. ಆಮೇಲೆ ಅವರ ಸುದ್ದಿ ನನಗೆ ತಿಳಿಯಲಿಲ್ಲ. ಕೊಡೆ ಇನ್ನೂ ಶೆಡ್ಡಿನಲ್ಲಿದೆ. ಈಗ ಅಕ್ಷರವನ್ನು ಕಂಪ್ಯೂಟರಿನಲ್ಲಿ ಕತ್ತರಿಸಿ, ಮೆಷಿನ್ನಿನಿಂದ ಮರಳು ಹೊಡೆದು ಕಲ್ಲಿಗೆ ಇಳಿಸುವವರು ಬಂದಿದ್ದಾರೆ. ನನ್ನ ಶೆಡ್ಡು ಮಾತ್ರ ಹಾಗೇ ಇದೆ.

ಆ ವರ್ಷ ನವೆಂಬರಿನಲ್ಲಿ, ಕ್ರೈಸ್ತರ ಸತ್ತವರ ಹಬ್ಬದ ದಿನ, ಸ್ಮಶಾನದ ತುಂಬ ಮೇಣದ ಬತ್ತಿ, ಸೇವಂತಿಗೆ. ನಾನು ಬೇರೆ ಕೆಲಸದ ನೆಪ ಮಾಡಿಕೊಂಡು ಹೋಗಿದ್ದೆ. ಅವಳು ಬಂದಳು, ಅದೇ ಕೊಡ, ಅದೇ ಚೀಲ. ಮಂಡಿಯೂರಿ, ಕೈ ಊರಿ, ನೀರು ಸುರಿದಳು. ಸಾಲು ಬೆಳ್ಳಗೆ ಎದ್ದಿತು. ಅವಳು ಅದನ್ನು ನೋಡಿಯೂ ನೋಡದ ಹಾಗೆ ಪೀಠದ ಕಡೆ ಬಗ್ಗಿದಳು.

"ಏನಪ್ಪಾ, ನಮ್ಮಮ್ಮನ ಹೆಸ್ರು ಯಾವ್ದು ಇದ್ರಲ್ಲಿ?"

ಅವಳ ತೋರುಬೆರಳು ಹಿಡಿದು ಮೊದಲಕ್ಷರದೊಳಗೆ ಇಟ್ಟೆ. ಅಲ್ಲಿಂದ ಅವಳೇ ಮುಂದೆ ಹೋದಳು. ಹೆಸರು ಮುಗಿದಲ್ಲಿ ನಿಲ್ಲಿಸಿ, ಮತ್ತೆ ಹಿಂದಕ್ಕೆ ಬಂದಳು. ಹಾಗೆ ಎಷ್ಟು ಸಲ ಮಾಡಿದಳೋ.

ಇಬ್ಬರೂ ಪಕ್ಕದ ಕಟ್ಟೆಯ ಮೇಲೆ ಕೂತೆವು. ಬಿಸಿಲಿತ್ತು. ಬಿಳಿ ಸಾಲು ಒಂದು ತುದಿಯಿಂದ ಕರಗುತ್ತಾ ಬಂತು. ಕೊನೆಯ ಅಕ್ಷರ ಹೋಗುವವರೆಗೂ ಅವಳು ಎದ್ದೇಳಲಿಲ್ಲ. ಹೋದ ಮೇಲೆ ಚೀಲಕ್ಕೆ ಕೈ ಹಾಕಿ, ಕಾಗದದಲ್ಲಿ ಸುತ್ತಿದ ಹುಣಸೆಹಣ್ಣಿನ ಉಂಡೆ ತೆಗೆದು ನನ್ನ ಕೈಗಿಟ್ಟಳು.

"ಅಭ್ಯಾಸಕ್ಕೆ ತಂದ್ಬಿಟ್ಟೆ. ಮನೆಗ್ ತಗೊಂಡ್ ಹೋಗಪ್ಪಾ, ಸಾರಿಗಾಗುತ್ತೆ."